ಸ್ಕೂಟರಿನ ಮೇಲೊಂದು ಹೆಸರು

ಹೆದರುವುದಕ್ಕೆ ಕಾರಣ ಬೇಕೆಂದು ಧೈರ್ಯವಂತರು ತಿಳಿದಿದ್ದಾರೆ. ನನ್ನಂಥ ಪುಕ್ಕಲನಿಗೆ ಹೆದರಿಕೆ ಮೊದಲು ಬಂದು ಕೂತಿರುತ್ತದೆ, ಕಾರಣ ಆಮೇಲೆ ಸಿಗುತ್ತದೆ. ಟಿ.ಬಿ. ಡ್ಯಾಂನ ಕಾಲುವೆ ಕಚೇರಿಯಲ್ಲಿ ಗುಮಾಸ್ತನಾದ ನಾನು ಸಾಹೇಬರಿಗೂ ಹಲ್ಲಿಗೂ ಸಮಾನವಾಗಿ ಹೆದರುತ್ತೇನೆ. ಆದರೆ ಒಂದು ಹಿಂದಿ ಸಿನಿಮಾಕ್ಕೆ ಹೆದರಿ ಊಟ ಬಿಟ್ಟದ್ದು ನಮ್ಮ ಕಡೆ ಗಣಿಗಾರಿಕೆ ಜೋರಾಗಿದ್ದ ಕಾಲದಲ್ಲಿ ಮಾತ್ರ.

ಒಂದು ಭಾನುವಾರ ಕೇಬಲ್‌ನವನು ತೊಂಬತ್ತರ ದಶಕದ ಪ್ರೇಮಕಥೆಯೊಂದನ್ನು ಹಾಕಿದ. ಅದರಲ್ಲೊಬ್ಬ ಹುಚ್ಚು ಪ್ರೇಮಿ. ಒಲ್ಲೆ ಎಂದವಳ ಬೆನ್ನು ಬಿಡುವುದಿಲ್ಲ, ಅವಳಿಗೆ ಮದುವೆಯಾದ ಮೇಲೂ ಬಿಡುವುದಿಲ್ಲ. ಕಂಡಕಂಡಲ್ಲಿ ಅವಳ ಹೆಸರು ಬರೆಯುತ್ತಾನೆ. ನನ್ನ ಹೆಂಡತಿ ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತ ಅವನನ್ನೇ ನೋಡಿದಳು. ನಾನು ನೋಡಿದ್ದು ಆ ಹುಡುಗಿಯ ಗಂಡನನ್ನು. ಪಾಪ, ಏನೂ ಮಾಡದವನು ಕೊನೆಯವರೆಗೂ ಏಟು ತಿನ್ನುತ್ತಾನೆ.

ಸಂಡೂರಿನ ಅದಿರು ಹೊತ್ತ ಟಿಪ್ಪರುಗಳು ಹೊಸಪೇಟೆಯ ನಮ್ಮ ಮನೆಯ ಮುಂದೆಯೇ ಹಾಯುತ್ತಿದ್ದವು. ತುಳಸಿಯಿಂದ ಹಿಡಿದು ಸ್ಕೂಟರಿನವರೆಗೆ ಎಲ್ಲದರ ಮೇಲೂ ಕೆಂಪು ಧೂಳು. ಮರುದಿನ ಬೆಳಿಗ್ಗೆ ಸ್ಕೂಟರಿನ ಮೇಲಿನ ಆ ಧೂಳಿನಲ್ಲಿ ಯಾರೋ ಬೆರಳಾಡಿಸಿ ‘ಸರೋಜಾ’ ಎಂದು ಬರೆದಿದ್ದರು. ಯಾವ ಸರೋಜಾ ಎಂದು ಯೋಚಿಸಿದೆ. ಆಮೇಲೆ ಅದು ನನ್ನ ಹೆಂಡತಿಯ ಹೆಸರೆಂದು ಹೊಳೆಯಿತು. ನಮ್ಮಲ್ಲಿ ಹೆಂಡತಿಯನ್ನು ಹೆಸರು ಹಿಡಿದು ಕರೆಯುವ ಪದ್ಧತಿ ಇಲ್ಲ. ಮದುವೆಯಲ್ಲಿ ಹೆಂಗಸರು ಬಾಗಿಲು ಅಡ್ಡಗಟ್ಟಿದಾಗ ಹೆಸರು ಸೇರಿಸಿ ಹೇಳುವ ಒಡಪಿನ ಪದ್ಯದಲ್ಲಿ ಒಮ್ಮೆ ಹೇಳಿದ್ದೆ. ಆಮೇಲೆ ಎಲ್ಲ ‘ಏ, ಕೇಳಿಲ್ಲಿ’ಯಲ್ಲೇ ನಡೆದಿದೆ.

ಗಡಬಡಿಸಿ ಒರೆಸಿದೆ. ಮರುದಿನ ಮತ್ತೆ ಅದೇ ಹೆಸರು. ಎದುರು ಮನೆಯಲ್ಲಿ ಹೊಸದಾಗಿ ಟಿಪ್ಪರ್ ಕೊಂಡು ಕೊರಳಿಗೆ ಬಂಗಾರದ ಚೈನು ಹಾಕಿಕೊಂಡ ತರುಣನೊಬ್ಬನಿದ್ದ. ಅವನು ಹಲ್ಲುಜ್ಜುತ್ತ, “ಏನ್ರಿ ಸರ, ಗಾಡಿ ಭಾಳ ಒರಸ್ತೀರಲ್ಲ” ಎಂದು ನಕ್ಕ. ಆ ನಗು, ಆ ತೋಳು ನೋಡಿ ನನಗೆ ಸಿನಿಮಾದ ಗಂಡ ನೆನಪಾದ. ಕಂಪ್ಲಿಗೆ ವರ್ಗ ಕೇಳೋಣವೆಂದೂ ಯೋಚಿಸಿದೆ. ಹೆಂಡತಿಗೆ ಮಾತ್ರ ಏನೂ ಹೇಳಲಿಲ್ಲ. ಅವಳು ಹೆದರಿಬಿಟ್ಟರೆ ನನಗೆ ಧೈರ್ಯ ಹೇಳುವವರು ಯಾರು?

ಕೊನೆಗೊಂದು ಬೆಳಿಗ್ಗೆ ಕೊಡೆ ಹಿಡಿದು ಕಿಟಕಿಯ ಹಿಂದೆ ನಿಂತೆ. ಹೆಂಡತಿ ರಂಗೋಲಿ ಹಾಕಿದಳು, ಕೈ ಝಾಡಿಸಿಕೊಂಡಳು, ಸ್ಕೂಟರಿನ ಹತ್ತಿರ ಬಂದು ತನ್ನ ಹೆಸರು ತಾನೇ ಬರೆದಳು.

ಹೊರಗೆ ಓಡಿದೆ. “ನಾ ಎಷ್ಟು ಅಂಜೀನಿ ಗೊತ್ತೈತೇನು?”

“ಗೊತ್ತೈತ್ರಿ. ಅಂಜಿ ಅಂಜಿ ಒರಸಿದ್ರಿ. ಯಾರು ಬರದಾರ ಅಂತ ನನ್ನ ಒಂದು ಮಾತು ಕೇಳಲಿಲ್ಲ.” ಅವಳ ದನಿ ಸಣ್ಣದಾಯಿತು. “ಸಿನಿಮಾದಾಗಿನವ ಹುಚ್ಚ, ಅಂಥವ ಯಾರಿಗೂ ಬ್ಯಾಡ. ಆದ್ರ ಈ ಮನ್ಯಾಗ ನನ್ನ ಹೆಸರು ರೇಷನ್ ಕಾರ್ಡಿಗೆ ಮಾತ್ರ ಗೊತ್ತೈತಿ. ನೀವು ಒಮ್ಮೆ ಕರೀರಿ ನೋಡೋಣು.”

ನಾಚಿಕೆಯಾಯಿತು. ಅದಕ್ಕಿಂತ ಹೆಚ್ಚು ಹೆದರಿಕೆಯಾಯಿತು. ಅವಳನ್ನು ಒಳಗೆ ಕರೆದುಕೊಂಡು ಹೋಗಿ ಬಾಗಿಲು ಹಾಕಿ, ಕಿಟಕಿಯನ್ನೂ ಮುಚ್ಚಿ, ಗಂಟಲು ಸರಿಮಾಡಿಕೊಂಡು, “ಸರೋಜಾ” ಎಂದೆ.

“ಕೇಳಲಿಲ್ರಿ. ಇನ್ನೊಮ್ಮೆ ಅನ್ರಿ” ಎಂದಳು. ಕೇಳಿಸಿತ್ತೆಂದು ಅವಳ ಮುಖವೇ ಹೇಳುತ್ತಿತ್ತು.

ನಾನು ಸಂಜೆಯವರೆಗೆ ಕಾಲಾವಕಾಶ ಕೋರಿದೆ.