ಹತ್ತು ಸೆಕೆಂಡಿನ ಸನ್ಮಾನ

ದುಬೈಯ ನಮ್ಮ ಕನ್ನಡ ಕೂಟದಲ್ಲಿ ಅತಿಥಿಗಳಿಗೆ ಪೇಟ ತೊಡಿಸುವುದರಲ್ಲಿ ನನ್ನನ್ನು ಮೀರಿಸುವವರಿಲ್ಲ. ಇದನ್ನು ಬೇರೆ ಯಾರೂ ಹೇಳದ ಕಾರಣ ನಾನೇ ಹೇಳಬೇಕಾಗಿದೆ.

ಕಳೆದ ಶನಿವಾರ ರಾಸ್ ಅಲ್ ಖೋರ್‌ನ ಗ್ಯಾರೇಜುಗಳ ನಡುವಿನ ಒಂದು ಹಾಲ್‌ಗೆ ಜಪಾನಿನ ಬ್ಯಾಂಡೊಂದು ಬಂದಿತ್ತು. ಮೂವರೇ ಹುಡುಗಿಯರು. "ಅವರನ್ನ ಜಪಾನಲ್ಲೂ ಪಕ್ಕದ ಮನೆಯೋರಿಗೆ ಗೊತ್ತಿರಲಿಕ್ಕಿಲ್ಲ ರೀ" ಎಂದಿದ್ದಳು ಹೆಂಡತಿ. ಆದರೆ ಹದಿನಾಲ್ಕರ ಮಗಳು ಅನಘಾಗೆ ಅವರೇ ಸರ್ವಸ್ವ. ಕಾರ್ಯಕ್ರಮ ಮುಗಿದ ಮೇಲೆ ಒಬ್ಬೊಬ್ಬ ಅಭಿಮಾನಿಗೆ ಡ್ರಮ್ಮರ್ ಜೊತೆ ಹತ್ತು ಸೆಕೆಂಡ್ ಮಾತು. ಅದಕ್ಕಾಗಿ ಅವಳು ಒಂದು ತಿಂಗಳು ಕನ್ನಡಿಯ ಮುಂದೆ ಎರಡು ಜಪಾನಿ ವಾಕ್ಯ ಅಭ್ಯಾಸ ಮಾಡಿದ್ದಳು: ನಿಮ್ಮನ್ನು ನೋಡಿ ನಾನೂ ಡ್ರಮ್ಸ್ ಕಲಿಯುತ್ತಿದ್ದೇನೆ. ಇಲ್ಲಿಯವರೆಗೆ ಬಂದಿದ್ದಕ್ಕೆ ಥ್ಯಾಂಕ್ಸ್.

ಸಂಗೀತ ಮಿಕ್ಸಿಗೆ ದೇವರ ಮನೆಯ ಗಂಟೆ ಹಾಕಿ ತಿರುಗಿಸಿದಂತಿತ್ತು. ಮೂರನೆಯ ಹಾಡಿಗೆ ನನ್ನ ಕಾಲು ತಾಳ ಹಾಕುತ್ತಿತ್ತು. ಇದನ್ನು ಮನೆಯಲ್ಲಿ ಒಪ್ಪಿಕೊಂಡಿಲ್ಲ.

"ಅಪ್ಪಾ, ಬ್ಯಾಗಲ್ಲಿ ಏನು? ಪ್ಲೀಸ್, ಡೋಂಟ್ ಡೂ ಎನಿಥಿಂಗ್."

"ಏನಿಲ್ಲ ಪುಟ್ಟಾ."

ಬ್ಯಾಗಿನಲ್ಲಿ ಶಾಲು ಮತ್ತು ಮೈಸೂರು ಪೇಟ ಇದ್ದವು. ಅಷ್ಟು ದೂರದಿಂದ ಬಂದ ಕಲಾವಿದರನ್ನು ಬರಿಗೈಯಲ್ಲಿ ಕಳಿಸುವುದೇ!

ಸಾಲಿನಲ್ಲಿ ನಮ್ಮ ಸರದಿ ಬಂತು. ಮುಂದಿನದನ್ನು ಕಂಡ ಹಾಗೆಯೇ ಬರೆಯುತ್ತೇನೆ. ಮೊದಲ ಸೆಕೆಂಡಿಗೆ ಅನಘಾ ಬಾಯಿ ತೆರೆದಳು. ಎರಡನೆಯದಕ್ಕೆ ನಾನು ಶಾಲು ಹೊದಿಸಿದೆ. ನಾಲ್ಕಕ್ಕೆ ಪೇಟ. ಡ್ರಮ್ಮರ್ ಗಾಬರಿಯಲ್ಲೂ ನಗುತ್ತ ಎದ್ದು ಬಾಗಿ ನಮಸ್ಕರಿಸಿದಳು. ನಾನೂ ಕೈಮುಗಿದು ಬಾಗಿದೆ. ಅವಳು ಇನ್ನೂ ಬಾಗಿದಳು. ಮೈಸೂರಿನ ಮರ್ಯಾದೆಯ ಪ್ರಶ್ನೆ, ನಾನು ಅವಳಿಗಿಂತ ಕೆಳಗೆ ಬಾಗಿದೆ. ಎಂಟನೆಯ ಸೆಕೆಂಡಿಗೆ ಪೇಟ ಉರುಳಿತು. ಎತ್ತಿಕೊಡಲು ಇಬ್ಬರೂ ಒಟ್ಟಿಗೇ ಬಗ್ಗಿದೆವು. ಢಣ್! ಅವಳ ಡ್ರಮ್ ಕೂಡ ಆ ಸಂಜೆ ಅಷ್ಟು ಜೋರಾಗಿ ಮೊಳಗಿರಲಿಲ್ಲ.

"ಯಲ್ಲಾ, ಯಲ್ಲಾ! ಖಲಾಸ್!" ಸಮಯ ಮುಗಿಯಿತೆಂದು ಗಡಿಯಾರ ಹಿಡಿದಿದ್ದ ಸೆಕ್ಯೂರಿಟಿಯವನು ನಮ್ಮನ್ನು ಮುಂದೆ ಸಾಗಿಸಿದ.

ಅನಘಾಳ ಬಾಯಿ ತೆರೆದೇ ಇತ್ತು.

ಸಿಲಿಕಾನ್ ಓಯಸಿಸ್‌ನ ಮನೆ ತಲುಪುವವರೆಗೆ ಅವಳು ನನಗೆ ಬೆನ್ನು ಹಾಕಿ ಕಿಟಕಿಯಾಚೆ ನೋಡುತ್ತಿದ್ದಳು. ಮರುದಿನ ಊಟದ ತಟ್ಟೆಯನ್ನೂ ತನ್ನ ರೂಮಿಗೇ ಒಯ್ದಳು. ಹಣೆಯ ಬುಗುಟಿಗಿಂತ ಅದೇ ಹೆಚ್ಚು ನೋಯುತ್ತಿತ್ತು.

ಸೋಮವಾರ ಬ್ಯಾಂಡಿನವರು ಆ ಭೇಟಿಯ ಫೋಟೊ ಆನ್‌ಲೈನಲ್ಲಿ ಹಾಕಿದರು. ಪೇಟ ತೊಟ್ಟು ನಗುತ್ತಿರುವ ಡ್ರಮ್ಮರ್, ಪಕ್ಕದಲ್ಲಿ ಕೈಮುಗಿದ ನಾನು.

"ಅನಘಾ ಎಲ್ಲಿ?" ಎಂದಳು ಹೆಂಡತಿ.

"ದಟ್ ಎಲ್ಬೋ ಈಸ್ ಮೀ, ಅಮ್ಮಾ."

ಆ ಮೊಣಕೈ ಇದ್ದ ಫೋಟೊದ ಕೆಳಗೆ ಅವಳು ತನ್ನ ಎರಡೂ ವಾಕ್ಯ ಬರೆದಳು. ಒಂದು ಗಂಟೆಯಲ್ಲಿ ಡ್ರಮ್ಮರ್‌ನಿಂದಲೇ ಉತ್ತರ! ಅನಘಾ ಓದಿದಳು, ಕಿರುಚಿದಳು, ಮತ್ತೆ ಓದಿದಳು. ಎರಡು ದಿನದಲ್ಲಿ ಮೊದಲ ಬಾರಿಗೆ ನನ್ನತ್ತ ತಿರುಗಿ ನಕ್ಕಳು.

"ಏನಂತೆ ಪುಟ್ಟಾ?" ನಾನು ಎದೆಯುಬ್ಬಿಸಿ ಕೇಳಿದೆ.

"ಚೆನ್ನಾಗಿ ಪ್ರಾಕ್ಟೀಸ್ ಮಾಡು, ನಿಮ್ಮ ತಾತನ ಹಣೆ ಬೇಗ ವಾಸಿಯಾಗಲಿ ಅಂತೆ."

ನನಗಿನ್ನೂ ನಲವತ್ತಾರು!

ಬುಗುಟು ಮೂರು ದಿನಕ್ಕೆ ಇಳಿಯಿತು. "ತಾತಾ, ಊಟಕ್ಕೆ ಬನ್ನಿ" ಎಂದು ಹೆಂಡತಿ ಕರೆಯುವುದು ಇನ್ನೂ ನಿಂತಿಲ್ಲ.