ಅತ್ತೆಯ ಒಗೆಯುವ ಕಲ್ಲಿಗೆ ಹನ್ನೊಂದು ಹಲ್ಲು

ಕಲ್ಲು ನೋಡಿ ಅದರ ಜಾತಕ ಹೇಳುವ ವಿದ್ಯೆ ನನಗೆ ಹತ್ತೇ ದಿನದಲ್ಲಿ ಕೈವಶವಾಯಿತು. ಆಗ ಎರಡನೇ ಮಹಾಯುದ್ಧದ ಕಾಲ. ನಾನು ಹಿಂದೂಪುರದ ಹೆಣ್ಣುಮಕ್ಕಳ ಶಾಲೆಯಲ್ಲಿ ಪಾಠ ಹೇಳುತ್ತಿದ್ದೆ; ಆ ಕಡೆಯ ತೆಲುಗು ಮಾತಿನಲ್ಲಿ ಪಂತುಲಮ್ಮ. ಬೇಸಿಗೆ ರಜೆಯಲ್ಲಿ ಅನಂತಪುರದಲ್ಲಿ ನಮಗೆ ಹತ್ತು ದಿನದ ತರಬೇತಿ ನಡೆಯಿತು. ಅಲ್ಲಿ ಭೂಗರ್ಭಶಾಸ್ತ್ರದ ಪ್ರೊಫೆಸರರೊಬ್ಬರು ಗೋದಾವರಿ ಕಣಿವೆಯ ಕಲ್ಲಿನ ಪದರಗಳ ಬಗ್ಗೆ ಮಾತಾಡಿದರು. ಮನುಷ್ಯ ಹುಟ್ಟುವುದಕ್ಕೆ ಕೋಟ್ಯಂತರ ವರ್ಷ ಮೊದಲಿದ್ದ ಮೀನುಗಳು, ಮೊಸಳೆಯಂಥ ಪ್ರಾಣಿಗಳು ಆ ಪದರಗಳಲ್ಲಿ ಮೂಳೆ ಸಮೇತ ಕಲ್ಲಾಗಿ ಕೂತಿವೆಯಂತೆ. ಹಲ್ಲುಸಾಲಿದ್ದ ಒಂದು ದವಡೆಯ ಚಿತ್ರವನ್ನೂ ತೋರಿಸಿದರು. ಇನ್ನು ನನಗೆ ಕಲಿಯಲು ಉಳಿದಿದ್ದೇನು?

ತರಬೇತಿ ಮುಗಿಸಿ ಕಲ್ಯಾಣದುರ್ಗದ ಅತ್ತೆಮನೆಗೆ ಹೋದೆ. ಹಿತ್ತಲಲ್ಲಿ ಅತ್ತೆ ಬಟ್ಟೆ ಒಗೆಯುವ ಕಲ್ಲು ಒದ್ದೆಯಾಗಿತ್ತು. ಅದರ ಅಂಚಿನಲ್ಲಿ ಸಾಲಾಗಿ ಬಿಳೀ ಹಲ್ಲುಗಳು! ಎಣಿಸಿದೆ. ಹನ್ನೊಂದು.

ಇದು ಬರೀ ಕಲ್ಲಲ್ಲ, ಯಾವುದೋ ಪುರಾತನ ಪ್ರಾಣಿಯ ದವಡೆ ಎಂದು ಅತ್ತೆಗೆ ವಿವರಿಸಿದೆ. ಅವರು ಹೆಮ್ಮೆಪಡುತ್ತಾರೆಂದು ನನ್ನ ಎಣಿಕೆ. ಮೊಟ್ಟೆಯ ಹೆಸರನ್ನೂ ಎತ್ತದ ಶಿವಭಕ್ತರ ಮನೆ ನಮ್ಮದು ಎನ್ನುವುದು ಆ ಗಳಿಗೆಯಲ್ಲಿ ಮರೆತೇಹೋಗಿತ್ತು.

"ಲಿಂಗಪೂಜೆಗೆ ಉಡೋ ಸೀರೇನೂ ಇದರ ಮೇಲೇ ಒಗ್ದಿದೀನಲ್ಲಮ್ಮ," ಎಂದು ಅತ್ತೆ ಒಳಗೆ ಪೆಟ್ಟಿಗೆಯತ್ತ ಓಡಿದರು.

ಪೆಟ್ಟಿಗೆಯಲ್ಲಿದ್ದ ಅರಿವೆಯೆಲ್ಲ ಹೊರಗೆ ಬಂತು. ಮೂರು ದಿನ ಕೆರೆಯ ಹತ್ತಿರ ಒಗೆದಿದ್ದೇ ಒಗೆದಿದ್ದು. ಪಕ್ಕದ ಮನೆಯವರು ತಮ್ಮ ಕಲ್ಲಿಗೂ ಹಲ್ಲಿದೆಯೇ ನೋಡಿ ಹೇಳೆಂದು ಕರೆದರು. ನೋಡಿದೆ. ಇತ್ತು. ಅವರೂ ಕೆರೆಗೆ ಹೊರಟರು. ಒಂದೇ ಬೀದಿಯಲ್ಲಿ ಎರಡು ಮೊಸಳೆ ಸಿಕ್ಕಿದ್ದಕ್ಕೆ ನನ್ನ ಧೈರ್ಯ ಇನ್ನಷ್ಟು ಹೆಚ್ಚಿತು.

ನಮ್ಮ ಯಜಮಾನರು ಹಿಂದೂಪುರದಲ್ಲಿ ಬೆಲ್ಲದ ವ್ಯಾಪಾರಿ. ಅವರನ್ನು ಕರೆಸಿ, ಕಲ್ಲನ್ನು ಶಾಲೆಗೆ ಸಾಗಿಸಲು ಬಸ್ಸಿನ ನೆತ್ತಿಗೆ ಏರಿಸಿದೆ; ಪೆಟ್ರೋಲು ಸಿಗದ ಆ ದಿನಗಳಲ್ಲಿ ಬಸ್ಸು ಓಡುತ್ತಿದ್ದುದು ಇದ್ದಿಲಿನ ಹೊಗೆಯಿಂದ. ರೊದ್ದಂ ಹತ್ತಿರದ ಏರಿನಲ್ಲಿ ಬಸ್ಸು ನಿಂತುಬಿಟ್ಟಿತು. ಎಲ್ಲರೂ ಇಳಿದು ತಳ್ಳಿದರು. ಮೇಲೇನಿದೆ ಎಂದು ಕಂಡಕ್ಟರು ತೆಲುಗಿನಲ್ಲಿ ಕೇಳಿದ. ಹಲ್ಲು ಎಂದೆ. ಅವನು ನನ್ನಿಂದ ಎರಡು ಹೆಜ್ಜೆ ದೂರ ಸರಿದ. ಬೆವರು ಒರೆಸಿಕೊಳ್ಳುತ್ತಿದ್ದ ಯಜಮಾನರು, "ಕಲ್ಲು ಹೊರೋಕೇನಾ ನಿನ್ನ ಟ್ರೈನಿಂಗಿಗೆ ಕಳಿಸಿದ್ದು?" ಎಂದರು.

ದವಡೆ ಸಿಕ್ಕಿದೆಯೆಂದು ನಾನು ಬರೆದ ಕಾಗದ ಕಂಡು ಪ್ರೊಫೆಸರರು ಶಾಲೆಗೇ ಬಂದರು. ಮೇಜಿನ ಮೇಲಿದ್ದ ಕಲ್ಲನ್ನು ಭೂತಗನ್ನಡಿ ಹಿಡಿದು ನೋಡಿದರು. ಆಮೇಲೆ ನನ್ನನ್ನು ಮೆಲ್ಲಗೆ ಬಾಗಿಲಿಗೆ ಕರೆದುಕೊಂಡು ಹೋಗಿ ಮೆಟ್ಟಿಲುಗಳನ್ನು ತೋರಿಸಿದರು. ಪ್ರತಿ ಮೆಟ್ಟಿಲಿಗೂ ಹಲ್ಲು!

"ಇದು ನೆಲದೊಳಗೆ ಕುದ್ದು ಗಟ್ಟಿಯಾದ ಕಲ್ಲಮ್ಮ. ಬಿಳೀದು ಬರೀ ಹರಳು. ಇದರಲ್ಲಿ ಯಾವ ಪ್ರಾಣಿಯೂ ಇರೋಕೆ ಸಾಧ್ಯವಿಲ್ಲ," ಎಂದರು. ಕಾಫಿಯನ್ನೂ ಕುಡಿಯದೆ ರೈಲಿಗೆ ಹೊರಟರು.

ಮುಂದಿನ ಭಾನುವಾರ ಕಲ್ಯಾಣದುರ್ಗಕ್ಕೆ ಹೋಗಿ ಅತ್ತೆಗೆ ನಿಜ ಒಪ್ಪಿಸಿದೆ. ಅವರು ಸೋಪಿನಿಂದ ಬಿರಿದ ತಮ್ಮ ಅಂಗೈಗಳನ್ನು ನನ್ನ ಮುಂದೆ ಚಾಚಿದರು.

"ಹಂಗಾರೆ ನಾನು ಮೂರು ದಿನ ತೊಳ್ದಿದ್ದು ಯಾವ ಪ್ರಾಣಿ ಮೈಲಿಗೇನಮ್ಮ, ಪಂತುಲಮ್ಮ?"

ಹತ್ತು ದಿನ ತರಬೇತಿ ಪಡೆದ ಆ ಪ್ರಾಣಿ ಅವರ ಎದುರಿಗೇ ತಲೆ ತಗ್ಗಿಸಿ ನಿಂತಿತ್ತು.