ಹೊಸ್ತಿಲ ಮೇಲೆ ನಿಂತವರು

ಲೋಕದಲ್ಲಿ ಜನ ಎರಡು ತರ ಅಂತ ತಿಳಿದವರು ಹೇಳುತ್ತಾರೆ, ಇದ್ದವರು ಮತ್ತು ಸತ್ತವರು. ನಾನು ಮೂರನೇ ಕ್ಲಾಸಿಗೆ ಸ್ಲೇಟು ಒಡೆದುಕೊಂಡು ಮನೆಗೆ ಬಂದವಳು, ಆದರೂ ಹೇಳುತ್ತೇನೆ: ಇನ್ನೊಂದು ತರದವರೂ ಇದ್ದಾರೆ, ಹೊಸ್ತಿಲ ಮೇಲಿನವರು. ಹೆಪ್ಪು ಹಾಕಿದ ಹಾಲು ನೋಡಿ. ಅದು ಹಾಲೂ ಅಲ್ಲ, ಮೊಸರೂ ಅಲ್ಲ. ಅಲ್ಲಾಡಿಸಿದರೆ ಕೆಟ್ಟುಹೋಗುತ್ತದೆ, ಸುಮ್ಮನೆ ಬಿಡಬೇಕು. ನಮ್ಮ ಜಿಗಣಿಯೂ ಹಾಗೆಯೇ, ಹಳ್ಳಿ ಅನ್ನುವ ಹಾಗಿಲ್ಲ, ಪಟ್ಟಣ ಅಂದರೆ ಪಟ್ಟಣದವರು ನಗುತ್ತಾರೆ. ನಮ್ಮ ಮೇಲಿನ ಮಹಡಿಯ ಬಾಡಿಗೆಯವಳು ರಾತ್ರಿ ಪಾಳಿ ಮುಗಿಸಿ ಬಂದು ಬೆಳಿಗ್ಗೆ ಏಳಕ್ಕೆ ಅನ್ನ ಸಾರು ಉಂಡು ಮಲಗುತ್ತಾಳೆ. ಅವಳಿಗೆ ಅದು ಹಗಲೋ ರಾತ್ರಿಯೋ, ಕೇಳಿದರೆ ಅವಳಿಗೂ ಗೊತ್ತಿಲ್ಲ.

ಈ ತರದವರಲ್ಲಿ ನಮ್ಮ ಯಜಮಾನರೇ ಮೊದಲಿನವರು. ನಲವತ್ತು ವರ್ಷ ಸಂಸಾರ ಮಾಡಿದರು, ಅದರಲ್ಲಿ ಅರ್ಧ ಹೊಸ್ತಿಲ ಮೇಲೆಯೇ. ಒಂದು ಕಾಲಿನ ಚಪ್ಪಲಿ ಬಿಟ್ಟು, ಇನ್ನೊಂದು ಕಾಲಿನದು ಹಾಗೇ ಇಟ್ಟುಕೊಂಡು, ಬೀದಿ ನೋಡುತ್ತಾ ಕಡಲೆಕಾಯಿ ಸುಲಿಯುವರು. ಮುದ್ದೆ ಆರುತ್ತಿದೆ ಬನ್ನಿ ಅಂದರೆ "ಇಗೋ ಬಂದೆ" ಅನ್ನುವರು. ಬರುತ್ತಿರಲಿಲ್ಲ. ಸತ್ತದ್ದೂ ಅಲ್ಲಿಯೇ. ತಲೆ ಹೊರಗೆ, ಕಾಲು ಒಳಗೆ. ನಕ್ಷತ್ರ ಬೇರೆ ಕೆಟ್ಟದ್ದಾಗಿತ್ತು. ಅಂಥ ನಕ್ಷತ್ರದಲ್ಲಿ ಮನೆಯೊಳಗೆ ಜೀವ ಹೋದರೆ ಮೂರು ತಿಂಗಳು ಮನೆ ಬಿಡಬೇಕು. ಹೊರಗೆ ಹೋದರೆ ಬಿಡಬೇಕಾಗಿಲ್ಲ. ಹೆಣ ಮುಂದೆ ಇಟ್ಟುಕೊಂಡು ಊರಿನ ಹಿರಿಯರು ವಾದಕ್ಕೆ ಕೂತರು. "ತಲೆ ಎಲ್ಲೈತೋ ಜೀವ ಅಲ್ಲೈತೆ" ಅಂತ ಒಬ್ಬರು. "ಜೀವ ಓಗೋದು ಕಾಲಿಂದ ಕಣಯ್ಯ, ನಿಂಗೇನ್ ಗೊತ್ತು" ಅಂತ ಇನ್ನೊಬ್ಬರು. ಕಡೆಗೆ ಅರ್ಧ ಒಳಗೆ ಅರ್ಧ ಹೊರಗೆ ಅಂತ ತೀರ್ಮಾನವಾಗಿ, ಮುಂಬಾಗಿಲು ಮಾತ್ರ ಮೂರು ತಿಂಗಳು ಮುಚ್ಚಿ ಹಿತ್ತಲ ಬಾಗಿಲಲ್ಲಿ ಓಡಾಡಿದೆವು. ಇದು ತೀರ್ಮಾನವೇ? ಸತ್ತವರಿಗಾದರೂ ತಾವು ಎಲ್ಲಿದ್ದೇವೆ ಅಂತ ಗೊತ್ತಾಗುವುದು ಬೇಡವೇ?

ಹಳೇ ಮನೆ ಕೆಡವಿ ಈಗಿನ ಕಟ್ಟಡ ಎಬ್ಬಿಸಿದಾಗ ಆ ಹೊಸ್ತಿಲ ಮರವನ್ನು ನಾನೇ ಹಠ ಮಾಡಿ ಹೊಸ ಬಾಗಿಲಿಗೆ ಹಾಕಿಸಿದೆ. ಗಟ್ಟಿ ಹೊನ್ನೆ ಮರ, ಎಸೆಯಲು ಮನಸ್ಸು ಬರಲಿಲ್ಲ. ಮರದ ಜೊತೆ ಇನ್ನೇನು ಬರುತ್ತದೆ ಅಂತ ಆಗ ಯೋಚಿಸಲಿಲ್ಲ.

ಹೋದ ತಿಂಗಳು ಸೊಸೆ ಸವಿತ ಬಾಗಿಲ ಮೇಲೆ ಒಂದು ದೀಪ ಹಾಕಿಸಿದಳು. ಯಾರಾದರೂ ಬಂದು ನಿಂತರೆ ತಾನೇ ಹತ್ತುತ್ತದೆ, ಹೋದರೆ ತಾನೇ ಆರುತ್ತದೆ. ಹಾಲಿನವನಿಗೆ ಹತ್ತಿತು, ನಾಯಿಗೂ ಹತ್ತಿತು. ದಿನಾ ಮುಸ್ಸಂಜೆ, ಕಂಪನಿ ಬಸ್ಸುಗಳು ಹೋಗಿ ಧೂಳು ಇಳಿಯುವ ಹೊತ್ತಿಗೆ, ಯಾರೂ ಇಲ್ಲದೆಯೂ ಹತ್ತುತ್ತಿತ್ತು. ನಾನು ಹೋಗಿ ಹೊಸ್ತಿಲ ಮೇಲೆ ನಿಂತರೆ ಮಾತ್ರ ಹತ್ತಲಿಲ್ಲ. ದೀಪ ಹಾಕಿದ ಮಂಜಣ್ಣನನ್ನು ಕರೆಸಿದೆ.

"ಹಲ್ಲಿ ಗಿಲ್ಲಿ ಓಡಾಡಿರ್ಬೇಕು ಅಜ್ಜಿ" ಅಂದ.

"ಹಲ್ಲಿಗೆ ಹತ್ತೋದು ನಂಗ್ಯಾಕ್ ಹತ್ತಲ್ಲ?"

"ನೀವು ಕಂಬ ನಿಂತಂಗೆ ನಿಂತ್ಕೋತೀರಾ. ಅಲ್ಲಾಡೋರ್ನ ಮಾತ್ರ ಅದು ನೋಡೋದು."

"ಅಂಗಾರೆ ಸಂಜೆ ಇಲ್ಲಿ ಅಲ್ಲಾಡೋನು ಯಾವನು?"

ಮಂಜಣ್ಣ ಏಣಿ ಎತ್ತಿಕೊಂಡು, ಬೇರೆ ಕಡೆ ಕೆಲಸ ಇದೆ ಅಂತ ಹೊರಟುಬಿಟ್ಟ. ಕೊಟ್ಟ ಕಾಫಿಯನ್ನೂ ಕುಡಿಯಲಿಲ್ಲ.

ಇಷ್ಟರಲ್ಲಿ ನಾನು ಎರಡು ಸಲ ಹೊಸ್ತಿಲು ಎಡವಿದೆ. ಸವಿತ ಅದನ್ನು ಕೀಳಿಸಿ ನೆಲದ ಮಟ್ಟಕ್ಕೆ ಗ್ರಾನೈಟ್ ಹಾಕಿಸುವುದಾಗಿ ಹೇಳಿದಳು. "ಕಾಲ್ ಮುರ್ಕೊಂಡ್ರೆ ಯಾರು ನೋಡ್ಕೊಳ್ಳೋರು ಅತ್ತೆ? ನಾಳೆ ಬೆಳಿಗ್ಗೆ ಕಲ್ಲಿನವ್ನು ಬರ್ತಾನೆ." ಅವಳ ಮಾತು ಸರಿಯೇ. ಆದರೆ ಹೊಸ್ತಿಲು ಕಿತ್ತರೆ ಅದರ ಮೇಲೆ ನಿಂತವರು ಎಲ್ಲಿಗೆ ಹೋಗಬೇಕು? ಹೊರಗೆ ಹೋದರೆ ಸಂತೋಷ. ಒಳಗೆ ಬಂದರೆ? ನಲವತ್ತು ವರ್ಷ ಒಳಗೆ ಬನ್ನಿ ಅಂತ ಬಾಯಿ ಬಡಿದುಕೊಂಡವಳಿಗೆ, ಈಗ ಎಲ್ಲಿ ಬಂದುಬಿಡುತ್ತಾರೋ ಅಂತ ಭಯ.

ಅವತ್ತು ಸಂಜೆ ಹೂ ತರಲು ಬೀದಿಗೆ ಹೋಗಿ ಬಂದವಳು ಹೊಸ್ತಿಲ ಮೇಲೆ ನಿಂತೆ. ಗಾಳಿ ಇರಲಿಲ್ಲ. ನಾನು ಉಸಿರು ಬಿಗಿ ಹಿಡಿದಿದ್ದೆ, ಕಣ್ಣರೆಪ್ಪೆಯನ್ನೂ ಅಲ್ಲಾಡಿಸಲಿಲ್ಲ. ದೀಪ ಹತ್ತಿತು. ನನ್ನ ಪಕ್ಕದಲ್ಲಿ ಇನ್ನೊಬ್ಬರು ನಿಲ್ಲುವಷ್ಟು ಜಾಗ ಇತ್ತು. ಅಲ್ಲಿ ಯಾರೂ ಇರಲಿಲ್ಲ. ಹುರಿದ ಕಡಲೆಕಾಯಿಯ ವಾಸನೆ ಇತ್ತು. ಬದುಕಿದ್ದಾಗ ಅವರನ್ನು ಏಕವಚನದಲ್ಲಿ ಕರೆದವಳಲ್ಲ ನಾನು, ಸತ್ತ ಮೇಲೆ ಎಂಥ ಮರ್ಯಾದೆ ಅಂತ ಗದರಿಸಿಯೇಬಿಟ್ಟೆ: "ಒಳೀಕ್ ಬತ್ತೀಯೋ, ಆಚೀಕ್ ಓಯ್ತೀಯೋ? ಒಂದ್ ಹೇಳು. ನಾಳೆ ಕಲ್ಲು ಬತ್ತದೆ." ಎಷ್ಟು ಹೊತ್ತು ಹಾಗೆ ನಿಂತಿದ್ದೆನೋ ಗೊತ್ತಿಲ್ಲ. ದೀಪ ಆರಲೇ ಇಲ್ಲ.

ಒಳಗಿನಿಂದ ಸವಿತ ಕೂಗಿದಳು: "ಅತ್ತೆ, ಎಷ್ಟೊತ್ತು ಅಲ್ಲೇ ನಿಂತಿರ್ತೀರಾ? ಮುದ್ದೆ ಆರ್ತಾ ಐತೆ, ಬನ್ನಿ!"

"ಇಗೋ ಬಂದೆ" ಅಂದೆ.

ಅಂದವಳು ತಲೆ ಬಗ್ಗಿಸಿ ನೋಡಿಕೊಂಡೆ. ಒಂದು ಕಾಲು ಬರಿದು. ಇನ್ನೊಂದರಲ್ಲಿ ಚಪ್ಪಲಿ ಹಾಗೇ ಇತ್ತು.

ಮರುದಿನ ಕಲ್ಲಿನವನು ಬಂದ. ಅಳತೆ ಪಟ್ಟಿ ಬಿಚ್ಚುವುದಕ್ಕೂ ಬಿಡದೆ ವಾಪಸು ಕಳಿಸಿದೆ. ಸಂಜೆ ನಾನು ಗದರಿದ್ದನ್ನು ಒಳಗಿನಿಂದ ಕೇಳಿಸಿಕೊಂಡಿದ್ದ ಸವಿತ ಸೊಂಟಕ್ಕೆ ಕೈ ಕೊಟ್ಟು ಕೇಳಿದಳು: "ಮಾವ ನಿಂತ್ಕೊಳ್ಳಲಿ ಅಂತಾನಾ?"

"ನಿಮ್ ಮಾವನ ಮನೆ ಹಾಳಾಯ್ತು, ಸುಮ್ಕಿರೇ. ನಾಳೆ ನಾಡಿದ್ದಿಗೆ ನಂಗೂ ನಿಂತ್ಕಳಾಕೆ ಒಂದ್ ಜಾಗ ಬೇಕಲ್ಲವ್ವ" ಅಂದೆ.